ನಜ್ರುಲ್ ಇಸ್ಲಾಂ ಮೇಷ್ಟ್ರ ಪ್ರಭಾರ: 1971ರ ಮೂರು ತಾರೀಕುಗಳ ಗಂಟು

ನಿನ್ನೆ ಸಂಜೆ ಪೂರ್ತಿ ಒಂದೇ ಪ್ರಶ್ನೆಗೆ ಹೋಯಿತು. 1971ರ ಯುದ್ಧದಲ್ಲಿ ಬಾಂಗ್ಲಾದೇಶದ ರಾಷ್ಟ್ರಪತಿಯ ಅಧಿಕಾರ ನಡೆಸಿದವರು ಯಾರು? ಮಾದರಿ ಪರೀಕ್ಷೆಯಲ್ಲಿ ನಾನು ಕಣ್ಣು ಮುಚ್ಚಿಕೊಂಡು ಸ್ವಾತಂತ್ರ್ಯ ಹೋರಾಟದ ನಾಯಕ ಶೇಖ್ ಮುಜೀಬ್ ಅಂತ ಗುರುತು ಹಾಕಿದೆ. ತಪ್ಪು. ಉತ್ತರ ಸೈಯದ್ ನಜ್ರುಲ್ ಇಸ್ಲಾಂ. (ಕವಿ ಕಾಜಿ ನಜ್ರುಲ್ ಇಸ್ಲಾಂ ಬೇರೆ, ಇವರು ಬೇರೆ. ಈ ಗೊಂದಲ ನಿಮಗಿಲ್ಲದಿದ್ದರೆ ಸಂತೋಷ, ನನಗಿತ್ತು.)

ಆರಂಭದ ಬದುಕು ಸುಲಭ, ಬೇಗ ಮುಗಿಸೋಣ. ಹುಟ್ಟಿದ್ದು 1925, ಈಗಿನ ಕಿಶೋರ್‌ಗಂಜ್ ಜಿಲ್ಲೆ. ಢಾಕಾ ವಿಶ್ವವಿದ್ಯಾಲಯದಲ್ಲಿ ಇತಿಹಾಸ ಎಂ.ಎ. ಪರೀಕ್ಷೆ ಪಾಸು ಮಾಡಿ ತೆರಿಗೆ ಇಲಾಖೆ ಸೇರಿದರು. 1951ರಲ್ಲಿ ಅದನ್ನು ಬಿಟ್ಟು ಮೈಮನ್‌ಸಿಂಗ್‌ನ ಆನಂದ ಮೋಹನ್ ಕಾಲೇಜಿನಲ್ಲಿ ಇತಿಹಾಸ ಪಾಠ ಮಾಡಲು ಹೋದರು. ಆಮೇಲೆ ವಕೀಲಿಕೆ, ಮುಜೀಬ್ ಅವರ ಪಕ್ಷವಾದ ಅವಾಮಿ ಲೀಗ್. ಒಂದು ವಿಷಯಕ್ಕೆ ಮಾತ್ರ ಗೆರೆ ಎಳೆಯಿರಿ: 1966ರಲ್ಲಿ ಮುಜೀಬ್ ಜೈಲಿಗೆ ಹೋದಾಗ 1969ರವರೆಗೆ ಪಕ್ಷದ ಹಂಗಾಮಿ ಅಧ್ಯಕ್ಷರಾಗಿದ್ದವರು ಇವರೇ. ಅಂದರೆ ಪ್ರಭಾರ ಇವರಿಗೆ ಹೊಸದಲ್ಲ.

ಈಗ ನಾನು ಎಡವಿದ ಜಾಗ. ಮೂರು ತಾರೀಕುಗಳಿವೆ: ಮಾರ್ಚ್ 26, ಏಪ್ರಿಲ್ 10, ಏಪ್ರಿಲ್ 17. ಬಾಂಗ್ಲಾದೇಶದ ಮೊದಲ ಸರ್ಕಾರ ಶುರುವಾಗಿದ್ದು ಯಾವತ್ತು? ಮೂರೂ ಸರಿ ಅನ್ನಿಸುತ್ತದೆ, ಅದೇ ತಲೆನೋವು.

ಏಪ್ರಿಲ್ 10ರಂದು ಸ್ವಾತಂತ್ರ್ಯ ಘೋಷಣಾಪತ್ರ ಹೊರಟಿತು. ಮುಜೀಬ್ ರಾಷ್ಟ್ರಪತಿ, ನಜ್ರುಲ್ ಇಸ್ಲಾಂ ಉಪರಾಷ್ಟ್ರಪತಿ ಅಂತ ಅದರಲ್ಲಿದೆ. ರಾಷ್ಟ್ರಪತಿ ಯಾವುದೇ ಕಾರಣಕ್ಕೆ ಅಧಿಕಾರ ನಡೆಸಲಾಗದಿದ್ದರೆ ಎಲ್ಲ ಅಧಿಕಾರ ಉಪರಾಷ್ಟ್ರಪತಿಗೆ ಅಂತಲೂ ಇದೆ. ಕಾರಣ ಎದುರಿಗೇ ಇತ್ತು, ಮುಜೀಬ್ ಪಶ್ಚಿಮ ಪಾಕಿಸ್ತಾನದ ಸೆರೆಯಲ್ಲಿದ್ದರು. ನಮ್ಮ ಶಾಲೆಗಳಲ್ಲಿ 'ಪ್ರಭಾರ ಮುಖ್ಯೋಪಾಧ್ಯಾಯರು' ಇರುತ್ತಾರಲ್ವಾ? ಬೋರ್ಡಿನಲ್ಲಿ ಹೆಸರು ಒಬ್ಬರದು, ಸಹಿ ಇನ್ನೊಬ್ಬರದು. ಅಷ್ಟೇ ಇದು.

ಆದರೆ ಪತ್ರದ ಕೊನೆಯಲ್ಲಿ, ಇದು ಮಾರ್ಚ್ 26ರಿಂದಲೇ ಜಾರಿ ಅಂತ ಬರೆದಿದ್ದಾರೆ! ಇಲ್ಲೇ ನಾನು ಒಂದು ಗಂಟೆ ಸಿಕ್ಕಿಕೊಂಡೆ. ಹದಿನೈದು ದಿನ ಹಿಂದಿನಿಂದ ಜಾರಿ ಹೇಗೆ? ಆಮೇಲೆ ಹೊಳೆಯಿತು, ಅರಿಯರ್ಸ್! ಸಂಬಳ ಹೆಚ್ಚಳದ ಆದೇಶ ಇವತ್ತು ಬರುತ್ತದೆ, ಲೆಕ್ಕ ಮಾತ್ರ ಹಿಂದಿನ ತಿಂಗಳಿಂದ. ಕಚೇರಿ ಭಾಷೆಯಲ್ಲಿ ಪೂರ್ವಾನ್ವಯ. ಮಾರ್ಚ್ 26ರ ಸ್ವಾತಂತ್ರ್ಯ ಘೋಷಣೆಗೂ ಅಲ್ಲಿಂದ ನಡೆದ ಹೋರಾಟಕ್ಕೂ ಕಾನೂನಿನ ಆಸರೆ ಬೇಕಿತ್ತು.

ಅದೇ ದಿನ ಹಂಗಾಮಿ ರಾಷ್ಟ್ರಪತಿಯಾಗಿ ನಜ್ರುಲ್ ಇಸ್ಲಾಂ ಇನ್ನೊಂದು ಆದೇಶ ಹೊರಡಿಸಿದರು. ಮಾರ್ಚ್ 25ರಂದು ಯಾವ ಕಾನೂನುಗಳಿದ್ದವೋ ಅವೇ ಮುಂದುವರಿಯುತ್ತವೆ, ಹೊಸ ದೇಶಕ್ಕೆ ನಿಷ್ಠೆಯ ಪ್ರಮಾಣ ಮಾಡಿದ ನೌಕರರು ಕೆಲಸದಲ್ಲಿ ಇರುತ್ತಾರೆ ಅಂತ. 25 ಮತ್ತು 26, ಎರಡನ್ನೂ ಪಕ್ಕಪಕ್ಕ ಬರೆದು ನೋಡಿ. ಹಳೆಯದು ನಿಂತ ಕಡೆಯೇ ಹೊಸದು ಶುರು, ನಡುವೆ ಒಂದು ದಿನವೂ ಖಾಲಿ ಇಲ್ಲ. ಇಡೀ ಪಾಠದಲ್ಲಿ ನನಗೆ ಜಾಸ್ತಿ ಇಷ್ಟವಾದದ್ದು ಇದೇ.

ಏಪ್ರಿಲ್ 17 ಕೇವಲ ಸಮಾರಂಭದ ದಿನ. ಗಡಿ ಹತ್ತಿರದ ಮೆಹರ್‌ಪುರದ ಬೈದ್ಯನಾಥ್‌ತಲಾದಲ್ಲಿ ಒಂದು ಮಾವಿನ ತೋಪು. ಸುತ್ತಲಿನ ಮನೆಗಳಿಂದ ತಂದ ಕುರ್ಚಿಗಳು, ಕಲ್ಕತ್ತಾದಿಂದ ಬಂದ ಪತ್ರಕರ್ತರು. ಅನ್ಸಾರ್ ಎಂಬ ಅರೆಸೈನಿಕ ದಳದವರು ಹಂಗಾಮಿ ರಾಷ್ಟ್ರಪತಿಗೆ ಗೌರವರಕ್ಷೆ ಕೊಟ್ಟರು. ಘೋಷಣಾಪತ್ರ ಓದಿದವರು ಪ್ರೊ. ಯೂಸುಫ್ ಅಲಿ (ಇವರೂ ಮೇಷ್ಟ್ರೇ). ಊರಿಗೆ ಮುಜೀಬ್‌ನಗರ ಅಂತ ಹೆಸರಾಯಿತು, ಸರ್ಕಾರದ ಕಚೇರಿ ಮಾತ್ರ ಕಲ್ಕತ್ತಾದ 8, ಥಿಯೇಟರ್ ರಸ್ತೆಯಲ್ಲಿ ನಡೆಯಿತು.

ನನ್ನ ಸೂತ್ರ: ಹತ್ತಕ್ಕೆ ಬರೆದರು, ಹದಿನೇಳಕ್ಕೆ ಓದಿದರು, ಇಪ್ಪತ್ತಾರಕ್ಕೆ ಎಳೆದರು. ಪ್ರಾಸ ಇಲ್ಲ, ಆದರೂ ಮರೆಯುತ್ತಿಲ್ಲ.

ಮುಂದಿನದು ಚುಟುಕಾಗಿ. ಡಿಸೆಂಬರ್ 16ಕ್ಕೆ ಪಾಕ್ ಸೇನೆಯ ಶರಣಾಗತಿ, 22ಕ್ಕೆ ಸಂಪುಟ ಢಾಕಾಕ್ಕೆ. 1972ರ ಜನವರಿ 10ರಂದು ಮುಜೀಬ್ ವಾಪಸ್, ಪ್ರಭಾರ ಮುಗಿಯಿತು. ನಜ್ರುಲ್ ಇಸ್ಲಾಂ ಕೈಗಾರಿಕಾ ಮಂತ್ರಿಯಾದರು. 1975ರಲ್ಲಿ ಸಂವಿಧಾನ ತಿದ್ದಿ, ಅಲ್ಲಿಯವರೆಗೆ ಪ್ರಧಾನಿಯಾಗಿದ್ದ ಮುಜೀಬ್ ಮತ್ತೆ ರಾಷ್ಟ್ರಪತಿಯಾದಾಗ ಇವರು ಮತ್ತೆ ಉಪರಾಷ್ಟ್ರಪತಿ.

ಆಗಸ್ಟ್ 15ರಂದು ಮುಜೀಬ್ ಹತ್ಯೆಯಾಯಿತು. ಪ್ರಭಾರ ಈ ಸಲವೂ ಇವರಿಗೇ ಬರಬೇಕಿತ್ತು, ಅಲ್ವಾ? ಬರಲಿಲ್ಲ. ಕುರ್ಚಿಯಲ್ಲಿ ಕೂತವರು ವಾಣಿಜ್ಯ ಮಂತ್ರಿ ಖೊಂದಕರ್ ಮುಷ್ತಾಕ್ ಅಹ್ಮದ್. ನಜ್ರುಲ್ ಇಸ್ಲಾಂ ಅವರನ್ನು ಬಂಧಿಸಿದರು. ನವೆಂಬರ್ 3ರಂದು ಢಾಕಾ ಕೇಂದ್ರ ಕಾರಾಗೃಹದಲ್ಲಿ ಅವರನ್ನೂ 1971ರ ಸಂಪುಟದ ಜೊತೆಗಾರರಾದ ತಾಜುದ್ದೀನ್ ಅಹ್ಮದ್, ಮನ್ಸೂರ್ ಅಲಿ, ಕಮರುಜ್ಜಮಾನ್ ಅವರನ್ನೂ ಕೊಂದರು.

1971ರ ಆ ಸರ್ಕಾರದ, ಅಂದರೆ ಮುಜೀಬ್‌ನಗರ ಸಂಪುಟದ ಆರು ಹೆಸರು ನೆನಪಿಡಲು ನಾನು ಇದನ್ನೇ ಬಳಸುತ್ತೇನೆ. 1975ರಲ್ಲಿ ಕೊಲೆಯಾದ ಐವರು (ಮುಜೀಬ್ ಮತ್ತು ಜೈಲಿನ ನಾಲ್ವರು), ಮತ್ತು ಆ ವರ್ಷ ರಾಷ್ಟ್ರಪತಿಯಾದ ಆರನೆಯವರು, ಮುಷ್ತಾಕ್.