ದಾಖಲೆ ಮುರಿಯದ ವಿಮಾನಗಳ ಋಣ

ಡಗ್ಲಸ್ ಕಂಪನಿಯ ಎಕ್ಸ್-3 ವಿಮಾನದ ಚಿತ್ರವನ್ನು ಇಂದು ನೋಡಿದರೂ ಕಣ್ಣು ಅಲ್ಲೇ ನಿಲ್ಲುತ್ತದೆ. ಚೂಪಾಗಿ ಮುಂದಕ್ಕೆ ಚಾಚಿದ ಉದ್ದನೆಯ ಮೂತಿ, ತೀರಾ ತೆಳುವಾದ ಮೋಟು ರೆಕ್ಕೆ. ಶಬ್ದದ ಎರಡು ಪಟ್ಟು ವೇಗದಲ್ಲಿ ಬಹಳ ಹೊತ್ತು ಹಾರಬೇಕೆಂದು ಅದನ್ನು ಕಟ್ಟಿದ್ದರು. ಆದರೆ ಅದಕ್ಕೆಂದು ಗೊತ್ತುಮಾಡಿದ್ದ ಎಂಜಿನ್ ಗಾತ್ರದಲ್ಲೂ ತೂಕದಲ್ಲೂ ಮಿತಿ ಮೀರಿತು. ಅದರ ಬದಲು ಕಡಿಮೆ ಶಕ್ತಿಯ ಎಂಜಿನ್‌ಗಳನ್ನು ಕೂರಿಸಬೇಕಾಯಿತು. 1952ರಲ್ಲಿ ಹಾರಾಟ ಶುರುವಾದಾಗ, ನೇರ ಹಾರಾಟದಲ್ಲಿ ಅದು ಶಬ್ದದ ವೇಗವನ್ನೇ ದಾಟಲಿಲ್ಲ. ಮೂತಿ ಕೆಳಗೆ ಮಾಡಿ ಧುಮುಕಿದಾಗ ಮಾತ್ರ ಹೇಗೋ ಮ್ಯಾಕ್ 1.2, ಅಂದರೆ ಶಬ್ದವೇಗದ 1.2 ಪಟ್ಟು, ಮುಟ್ಟಿತು. ವೇಗದ ದಾಖಲೆಗಳ ಪಟ್ಟಿಯಲ್ಲಿ ಅದಕ್ಕೆ ಜಾಗವಿಲ್ಲ.

ಹಾಗಿದ್ದರೂ ಪ್ರಯೋಗ ವಿಮಾನಗಳ ಚರಿತ್ರೆಯನ್ನು ಎಕ್ಸ್-3ರಿಂದಲೇ ಆರಂಭಿಸಬೇಕೆನಿಸುತ್ತದೆ. ಕಾರಣ, 1954ರ ಅಕ್ಟೋಬರ್ 27. ಅಂದು ಪೈಲಟ್ ಜೋ ವಾಕರ್ ಸುಮಾರು 30 ಸಾವಿರ ಅಡಿ ಎತ್ತರದಲ್ಲಿ, ಶಬ್ದವೇಗಕ್ಕೆ ತುಸು ಕಡಿಮೆ ವೇಗದಲ್ಲಿ, ಮೂತಿಯನ್ನು ಎಡಬಲಕ್ಕೆ ತಿರುಗಿಸುವ ಬಾಲದ ರಡ್ಡರ್ ಅಲುಗಿಸದೆ ವಿಮಾನವನ್ನು ಥಟ್ಟನೆ ಎಡಕ್ಕೆ ಉರುಳಿಸಿದರು. ಉರುಳುವುದಷ್ಟೇ ಅದರ ಕೆಲಸವಾಗಿತ್ತು. ಆದರೆ ಮೂತಿ ತಾನಾಗಿಯೇ ಮೇಲೆದ್ದಿತು, ಮೈ ಅಡ್ಡಕ್ಕೆ ತಿರುಗಿತು, ಕೆಲವು ಕ್ಷಣ ವಿಮಾನ ಪೈಲಟ್‌ನ ಹಿಡಿತಕ್ಕೆ ಸಿಗಲಿಲ್ಲ. ವಾಕರ್ ಹೇಗೋ ಸಂಭಾಳಿಸಿದರು. ನಂತರ ಶಬ್ದಾತೀತ ವೇಗದಲ್ಲಿ ಅದನ್ನೇ ಮತ್ತೊಮ್ಮೆ ಮಾಡಿ ನೋಡಿದರು; ಈ ಬಾರಿ ವಿಮಾನದ ಚೌಕಟ್ಟು ಮುರಿಯುವ ಹಂತದ ಹತ್ತಿರಕ್ಕೆ ಹೋಯಿತು. ಒಳಗಿದ್ದ ಉಪಕರಣಗಳು ಪ್ರತಿ ಚಲನೆಯನ್ನೂ ದಾಖಲಿಸುತ್ತಿದ್ದವು.

ಆಗಿದ್ದಿಷ್ಟು. ಜೆಟ್ ಯುಗದ ವಿಮಾನಗಳ ಮೈ ಉದ್ದವಾಗುತ್ತ, ರೆಕ್ಕೆ ಗಿಡ್ಡವಾಗುತ್ತ ಬಂದಿತ್ತು. ಭಾರವೆಲ್ಲ ಮೂತಿಯಿಂದ ಬಾಲದವರೆಗಿನ ಒಂದೇ ಗೆರೆಯಲ್ಲಿ ಸೇರಿಕೊಂಡಿತ್ತು. ಅಂಥ ವಿಮಾನ ವೇಗವಾಗಿ ಉರುಳಿದಾಗ ಎರಡೂ ತುದಿಗಳ ಭಾರ ಹೊರಕ್ಕೆ ಚಿಮ್ಮಲು ನೋಡುತ್ತದೆ; ಬಾಲದ ರೆಕ್ಕೆ ಚಿಕ್ಕದಾಗಿದ್ದರೆ ಅದನ್ನು ತಡೆದು ನಿಲ್ಲಿಸಲಾಗುವುದಿಲ್ಲ. ಎಂಜಿನಿಯರುಗಳು ಇದನ್ನು ಇನರ್ಷಿಯಾ ಕಪ್ಲಿಂಗ್ ಎನ್ನುತ್ತಾರೆ. ಅಮೆರಿಕದ ಸರ್ಕಾರಿ ಸಂಶೋಧನಾ ಸಂಸ್ಥೆ ಎನ್‌ಎಸಿಎದ ವಿಲಿಯಂ ಫಿಲಿಪ್ಸ್ 1948ರಲ್ಲೇ ಇದನ್ನು ಲೆಕ್ಕ ಹಾಕಿ ಬರೆದಿದ್ದರು. ಕಾಗದದ ಮೇಲಿನ ಆ ಎಚ್ಚರಿಕೆಗೆ ಯಾರೂ ಹೆಚ್ಚು ಬೆಲೆ ಕೊಟ್ಟಿರಲಿಲ್ಲ. ವಾಕರ್ ಹಾರಾಟಕ್ಕೆ ಎರಡು ವಾರ ಮುಂಚೆ, ಅಕ್ಟೋಬರ್ 12ರಂದು, ಹೊಸ ಎಫ್-100 ಯುದ್ಧವಿಮಾನವನ್ನು ಪರೀಕ್ಷಿಸುತ್ತಿದ್ದ ಜಾರ್ಜ್ ವೆಲ್ಷ್ ವಿಮಾನ ಗಾಳಿಯಲ್ಲೇ ಒಡೆದು ಮೃತಪಟ್ಟಿದ್ದರು. ಆ ದುರಂತದ ಹಿಂದೆ ಇದೇ ಕಾರಣ ಇತ್ತು. ಎಕ್ಸ್-3 ತಂದುಕೊಟ್ಟ ಅಂಕಿಗಳು ಕಾರಣವನ್ನು ಬಿಡಿಸಿ ತೋರಿಸಲು ನೆರವಾದವು. ಎಫ್-100ರ ಬಾಲವನ್ನು ದೊಡ್ಡದು ಮಾಡಿದರು. ಮುಂದಿನ ಪೀಳಿಗೆಯ ಶಬ್ದಾತೀತ ವಿಮಾನಗಳಿಗೆ ಈ ಪಾಠ ಹುಟ್ಟಿನಿಂದಲೇ ಬಂತು.

ಪ್ರಯೋಗ ವಿಮಾನವೆಂದರೆ ಇದೇ. ಜನರನ್ನು ಸಾಗಿಸಲು, ಬಾಂಬು ಹಾಕಲು, ಮಾರಾಟ ಮಾಡಲು ಅದನ್ನು ಕಟ್ಟುವುದಿಲ್ಲ. ಒಂದು ಪ್ರಶ್ನೆಯನ್ನು ಗಾಳಿಗೆ ಕೇಳಿ ಉತ್ತರ ತರುವುದು ಅದರ ಕೆಲಸ. ಉತ್ತರ ಬಂದರೆ ಸಾಕು, ವಿಮಾನ ಸೋತರೂ ನಡೆದೀತು.

ಈ ಪದ್ಧತಿ ವಿಮಾನಕ್ಕಿಂತ ಹಳೆಯದು. ಇಂಗ್ಲೆಂಡಿನ ಜಾರ್ಜ್ ಕೇಲಿ 1804ರಲ್ಲಿ, ಸುತ್ತುವ ತೋಳೊಂದರ ತುದಿಗೆ ಹಲಗೆ ಕಟ್ಟಿ ಗಾಳಿಯ ಒತ್ತಡವನ್ನು ಅಳೆದಿದ್ದ. ಜರ್ಮನಿಯ ಓಟೊ ಲಿಲಿಯೆಂಟಾಲ್ ಗುಡ್ಡದಿಂದ ಗ್ಲೈಡರ್ ಹಿಡಿದು ಸುಮಾರು ಎರಡು ಸಾವಿರ ಬಾರಿ ಹಾರಿ, ರೆಕ್ಕೆಯ ಎತ್ತುವ ಬಲದ ಕೋಷ್ಟಕಗಳನ್ನು ಬಿಟ್ಟುಹೋದ; 1896ರ ಆಗಸ್ಟ್‌ನಲ್ಲಿ ಅಂಥದ್ದೇ ಒಂದು ಹಾರಾಟದಲ್ಲಿ ಬಿದ್ದು ತೀರಿಕೊಂಡ.

ಆ ಕೋಷ್ಟಕಗಳನ್ನು ನಂಬಿ ರೈಟ್ ಸಹೋದರರು 1901ರಲ್ಲಿ ಕಟ್ಟಿದ ಗ್ಲೈಡರ್, ಲೆಕ್ಕದಲ್ಲಿ ಬರಬೇಕಿದ್ದ ಬಲದ ಮೂರನೇ ಒಂದು ಪಾಲನ್ನಷ್ಟೇ ಕೊಟ್ಟಿತು. ಇಲ್ಲಿ ಅವರು ಮಾಡಿದ್ದನ್ನು ಹತ್ತಿರದಿಂದ ನೋಡಬೇಕು. ಇನ್ನೊಂದು ದೊಡ್ಡ ಗ್ಲೈಡರ್ ಕಟ್ಟಲು ಅವರು ಹೊರಡಲಿಲ್ಲ. ತಮ್ಮ ಸೈಕಲ್ ಅಂಗಡಿಯಲ್ಲಿ ಆರು ಅಡಿ ಉದ್ದದ ಮರದ ಪೆಟ್ಟಿಗೆಯೊಂದನ್ನು ಮಾಡಿ, ಒಂದು ತುದಿಗೆ ಫ್ಯಾನ್ ಕೂರಿಸಿದರು. ಲೋಹ ಕೊಯ್ಯುವ ಗರಗಸದ ಅಲಗು ಮತ್ತು ಸೈಕಲ್ ಕಡ್ಡಿಯ ತಂತಿಯಿಂದ ನಾಜೂಕಾದ ತಕ್ಕಡಿ ಮಾಡಿದರು. ಅಂಗೈಯಲ್ಲಿ ಹಿಡಿಸುವಂಥ ಸುಮಾರು ಇನ್ನೂರು ಬಗೆಯ ತಗಡಿನ ರೆಕ್ಕೆಗಳನ್ನು ಒಂದೊಂದಾಗಿ ಆ ಗಾಳಿಗೆ ಒಡ್ಡಿ ಬಲವನ್ನು ಅಳೆದರು. ಎಲ್ಲರೂ ಕಣ್ಣು ಮುಚ್ಚಿ ಬಳಸುತ್ತ ಬಂದಿದ್ದ ಹದಿನೆಂಟನೇ ಶತಮಾನದ ಒಂದು ಗುಣಾಂಕವೇ ತಪ್ಪು ಎಂಬುದು ಅವರಿಗೆ ಖಚಿತವಾಯಿತು. 1903ರ ಡಿಸೆಂಬರ್ 17ರ ಹನ್ನೆರಡು ಸೆಕೆಂಡುಗಳ ಹಾರಾಟ ಈ ಪೆಟ್ಟಿಗೆಯೊಳಗಿಂದ ಬಂದದ್ದು.

ಅದೇ ವರ್ಷ, ಅವರಿಗಿಂತ ಬಹಳ ಹೆಸರುವಾಸಿಯಾಗಿದ್ದ ವಿಜ್ಞಾನಿ ಸ್ಯಾಮ್ಯುಯೆಲ್ ಲ್ಯಾಂಗ್ಲಿ, ಅಮೆರಿಕದ ಯುದ್ಧ ಇಲಾಖೆಯ 50 ಸಾವಿರ ಡಾಲರ್ ನೆರವಿನಿಂದ ಕಟ್ಟಿದ ಯಂತ್ರ ಅಕ್ಟೋಬರ್‌ನಲ್ಲೊಮ್ಮೆ, ಡಿಸೆಂಬರ್ 8ರಂದು ಮತ್ತೊಮ್ಮೆ ಪೊಟೊಮ್ಯಾಕ್ ನದಿಗೆ ಬಿತ್ತು. ಲ್ಯಾಂಗ್ಲಿಯವರ ಚಾಲಕರಹಿತ ಮಾದರಿಗಳು 1896ರಲ್ಲೇ ಚೆನ್ನಾಗಿ ಹಾರಿದ್ದವು. ಅಲ್ಲಿಂದ ಅವರು ನೇರವಾಗಿ ಮನುಷ್ಯನನ್ನು ಹೊತ್ತ ಯಂತ್ರಕ್ಕೆ ಜಿಗಿದರು. ಗ್ಲೈಡರ್‌ನಲ್ಲಿ ಕುಳಿತು ತೋಲನ ಕಲಿಯುವ ನಡುವಿನ ಮೆಟ್ಟಿಲು ಅವರ ಯೋಜನೆಯಲ್ಲಿ ಇರಲೇ ಇಲ್ಲ. ನನ್ನ ಪ್ರಕಾರ ಅವರನ್ನು ಸೋಲಿಸಿದ್ದು ಆ ಜಿಗಿತ.

ಮುಂದಿನ ನಾಲ್ಕು ದಶಕಗಳನ್ನು ಬೇಗ ದಾಟಬಹುದು. ಅಮೆರಿಕದಲ್ಲಿ 1915ರಲ್ಲಿ ಎನ್‌ಎಸಿಎ ಹುಟ್ಟಿತು. ಅದೇ 1958ರಲ್ಲಿ ನಾಸಾ ಆಯಿತು. ಎರಡನೇ ಮಹಾಯುದ್ಧ ಶುರುವಾಗುವುದಕ್ಕೆ ಕೆಲವೇ ದಿನ ಮುಂಚೆ, 1939ರ ಆಗಸ್ಟ್ 27ರಂದು, ಜರ್ಮನಿಯ ಹೈಂಕೆಲ್ 178 ಜೆಟ್ ಎಂಜಿನ್ನಿನಿಂದ ಹಾರಿದ ಮೊದಲ ವಿಮಾನವಾಯಿತು. ಫ್ರಾಂಕ್ ವಿಟ್ಲ್ ಅವರ ಎಂಜಿನ್ ಹೊತ್ತ ಬ್ರಿಟನ್ನಿನ ಗ್ಲಾಸ್ಟರ್ ವಿಮಾನ 1941ರ ಮೇ 15ರಂದು ಮೇಲೇರಿತು.

ಜೆಟ್ ಬಂದ ಮೇಲೆ ಹೊಸ ಗೋಡೆಯೊಂದು ಎದುರಾಯಿತು. ಶಬ್ದವೇಗ ಹತ್ತಿರವಾದಂತೆ ವಿಮಾನಗಳು ನಡುಗುತ್ತಿದ್ದವು, ಹಿಡಿತ ತಪ್ಪುತ್ತಿದ್ದವು. 1946ರ ಸೆಪ್ಟೆಂಬರ್‌ನಲ್ಲಿ ಬ್ರಿಟನ್ನಿನ ಡಿಎಚ್ 108 ಪ್ರಯೋಗ ವಿಮಾನ ಗಾಳಿಯಲ್ಲೇ ಒಡೆದು, ಅದನ್ನು ಹಾರಿಸುತ್ತಿದ್ದ ಕಿರಿಯ ಜೆಫ್ರಿ ಡಿ ಹ್ಯಾವಿಲೆಂಡ್ ಮೃತಪಟ್ಟರು. ಇದನ್ನು ನೆಲದ ಮೇಲೆ ಪರೀಕ್ಷಿಸೋಣವೆಂದರೆ ಗಾಳಿ ಹಾಯಿಸಿ ಮಾದರಿಗಳನ್ನು ಪರೀಕ್ಷಿಸುವ ಆ ಕಾಲದ ವಿಂಡ್ ಟನಲ್‌ಗಳು ಶಬ್ದವೇಗದ ಸುತ್ತಮುತ್ತ ಕೈಕೊಡುತ್ತಿದ್ದವು. ಆಘಾತ ತರಂಗಗಳು ಗೋಡೆಗೆ ಬಡಿದು ಹಿಂತಿರುಗಿ ಅಳತೆಯನ್ನೆಲ್ಲ ಕೆಡಿಸುತ್ತಿದ್ದವು. ಹಾಗಾಗಿ ಆಕಾಶವನ್ನೇ ವಿಂಡ್ ಟನಲ್ ಮಾಡಿಕೊಳ್ಳದೆ ದಾರಿಯಿರಲಿಲ್ಲ. ಬೆಲ್ ಎಕ್ಸ್-1 ಹುಟ್ಟಿದ್ದು ಹಾಗೆ.

ಶಬ್ದಕ್ಕಿಂತ ವೇಗವಾಗಿ ಸ್ಥಿರವಾಗಿ ಸಾಗುವ ವಸ್ತು ಯಾವುದೆಂದು ಹುಡುಕಿದ ಎಂಜಿನಿಯರುಗಳು ಬಂದೂಕಿನ ಗುಂಡಿನ ಆಕಾರವನ್ನೇ ಎಕ್ಸ್-1ಕ್ಕೆ ಕೊಟ್ಟರು. ಅದಕ್ಕೆ ನಾಲ್ಕು ಕೋಣೆಗಳ ರಾಕೆಟ್ ಎಂಜಿನ್ ಇತ್ತು. ಬಿ-29 ಬಾಂಬರ್ ವಿಮಾನದ ಹೊಟ್ಟೆಗೆ ಅದನ್ನು ತೂಗುಹಾಕಿ ಎತ್ತರಕ್ಕೆ ಒಯ್ದು ಬಿಡುತ್ತಿದ್ದರು. ಚಕ್ ಯೇಗರ್ 1947ರ ಅಕ್ಟೋಬರ್ 14ರಂದು ಮ್ಯಾಕ್ 1.06 ತಲುಪಿದ್ದು ಎಲ್ಲರಿಗೂ ಗೊತ್ತು. ಅದಕ್ಕಿಂತ ಮುಖ್ಯವಾದದ್ದು ನಾಲ್ಕು ದಿನ ಮುಂಚೆ ನಡೆದಿತ್ತು. ಮ್ಯಾಕ್ 0.94ರ ಹತ್ತಿರ ಯೇಗರ್ ಕಂಟ್ರೋಲ್ ಹಿಡಿಯನ್ನು ಹಿಂದಕ್ಕೆ ಎಳೆದರೆ ವಿಮಾನ ಮೂತಿ ಎತ್ತಲಿಲ್ಲ. ಬಾಲದ ಅಡ್ಡ ರೆಕ್ಕೆಗೆ ಎಲಿವೇಟರ್ (ಮೂತಿಯನ್ನು ಏರಿಳಿಸುವ ಪಟ್ಟಿ) ಕೀಲುಗೊಂಡಿದ್ದ ಜಾಗದಲ್ಲಿ ಆಘಾತ ತರಂಗ ನಿಂತು, ಎಲಿವೇಟರ್ ಅಲುಗಾಡಿದರೂ ಪ್ರಯೋಜನವಿಲ್ಲದಂತೆ ಮಾಡಿತ್ತು. ಎಂಜಿನಿಯರ್ ಹಾಗೂ ಪೈಲಟ್ ಜ್ಯಾಕ್ ರಿಡ್ಲಿ ಲೆಕ್ಕ ಹಾಕಿ ದಾರಿ ತೋರಿಸಿದರು: ಎಲಿವೇಟರ್ ಬಿಟ್ಟು ಬಾಲದ ಅಡ್ಡ ರೆಕ್ಕೆಯನ್ನೇ ಇಡಿಯಾಗಿ, ತೀರಾ ಸಣ್ಣ ಸಣ್ಣ ಕೋನಗಳಲ್ಲಿ ತಿರುಗಿಸುವುದು. ಎಕ್ಸ್-1ರಲ್ಲಿ ಆ ಸೌಲಭ್ಯವನ್ನು ಮೊದಲೇ ಇಟ್ಟಿದ್ದರು. ಅದು ಕೆಲಸ ಮಾಡಿತು. ಶಬ್ದದ ಗೋಡೆ ಒಡೆದ ಸುದ್ದಿಗಿಂತ ಆ ಬಾಲದ ಗುಟ್ಟು ಹೆಚ್ಚು ಕಾಲ ಉಳಿಯಿತು. ಎಫ್-86ರ ನಂತರದ ಮಾದರಿಗಳಲ್ಲಿ ಅದೇ ಬಗೆಯ ಬಾಲ ಬಂತು, ಇಂದಿನ ಶಬ್ದಾತೀತ ಯುದ್ಧವಿಮಾನಗಳಲ್ಲೂ ಇದೆ. ಬ್ರಿಟನ್ನಿನ ಮೈಲ್ಸ್ ಎಂ-52 ಯೋಜನೆಯಲ್ಲೂ ಇಂಥ ಬಾಲ ಇತ್ತು, ಆದರೆ 1946ರಲ್ಲಿ ಸರ್ಕಾರ ಆ ಯೋಜನೆಯನ್ನೇ ಕೈಬಿಟ್ಟಿತು.

ತಿಳಿದ ವಿಷಯ ಎಲ್ಲರ ಪ್ರಾಣ ಉಳಿಸಲಿಲ್ಲ. 1956ರ ಸೆಪ್ಟೆಂಬರ್ 27ರಂದು ಮಿಲ್ಬರ್ನ್ ಆಪ್ಟ್ ಎಕ್ಸ್-2 ರಾಕೆಟ್ ವಿಮಾನದಲ್ಲಿ ಶಬ್ದದ ಮೂರು ಪಟ್ಟು ವೇಗ ದಾಟಿದ ಮೊದಲ ಮನುಷ್ಯರಾದರು. ಅದು ರಾಕೆಟ್ ವಿಮಾನದಲ್ಲಿ ಅವರ ಮೊದಲ ಹಾರಾಟ. ವೇಗ ತಗ್ಗುವ ಮುನ್ನ ವಿಮಾನವನ್ನು ತಿರುಗಿಸಿದರು. ಎಕ್ಸ್-3ರಲ್ಲಿ ಕಂಡಿದ್ದ ಅದೇ ಇನರ್ಷಿಯಾ ಕಪ್ಲಿಂಗ್ ಅವರನ್ನು ಬಲಿ ತೆಗೆದುಕೊಂಡಿತು. ಅಪಾಯ ಗೊತ್ತಿತ್ತು, ಅದಕ್ಕೊಂದು ಹೆಸರೂ ಇತ್ತು. ಅನುಭವವಿಲ್ಲದ ಪೈಲಟ್‌ನನ್ನು ಮೊದಲ ದಿನವೇ ಆ ವೇಗಕ್ಕೆ ಕಳಿಸಿದ ನಿರ್ಧಾರವನ್ನು ಓದಿದಾಗಲೆಲ್ಲ ಹೊಟ್ಟೆಯಲ್ಲಿ ಸಂಕಟವಾಗುತ್ತದೆ.

ಎಕ್ಸ್-15 ಈ ಪಾಠ ಕಲಿತೇ ಬಂದಿತ್ತು. 1959ರಿಂದ 1968ರವರೆಗೆ ಮೂರು ವಿಮಾನಗಳು, ಹನ್ನೆರಡು ಪೈಲಟ್‌ಗಳು, 199 ಹಾರಾಟಗಳು. ಪ್ರತಿ ಹಾರಾಟದಲ್ಲೂ ಮಿತಿಯನ್ನು ತುಸು ತುಸುವೇ ಮುಂದಕ್ಕೆ ಸರಿಸುವ ಪದ್ಧತಿ. ಜೋ ವಾಕರ್ 1963ರಲ್ಲಿ ಅದನ್ನು 107.9 ಕಿಲೋಮೀಟರ್ ಎತ್ತರಕ್ಕೆ ಒಯ್ದರು. ಗಾಳಿಯೇ ಇಲ್ಲದ ಅಲ್ಲಿ ರೆಕ್ಕೆ, ಬಾಲ ಯಾವುದೂ ಉಪಯೋಗಕ್ಕೆ ಬಾರದು. ಹೈಡ್ರೋಜನ್ ಪೆರಾಕ್ಸೈಡ್‌ನಿಂದ ನಡೆಯುವ ಪುಟ್ಟ ಜೆಟ್‌ಗಳು ವಿಮಾನದ ದಿಕ್ಕನ್ನು ತಿದ್ದುತ್ತಿದ್ದವು. 1967ರ ಅಕ್ಟೋಬರ್ 3ರಂದು ಪೀಟ್ ನೈಟ್ ಮ್ಯಾಕ್ 6.7 ಮುಟ್ಟಿದರು. ವಿಮಾನ ಇಳಿದಾಗ ಅದರ ಕೆಳಗಿನ ಬಾಲದ ರೆಕ್ಕೆ ಸುಟ್ಟು ತೂತುಬಿದ್ದಿತ್ತು, ಅದಕ್ಕೆ ಕಟ್ಟಿದ್ದ ನಕಲಿ ರ‍್ಯಾಮ್‌ಜೆಟ್ ಎಂಜಿನ್ ಕಳಚಿ ಬಿದ್ದುಹೋಗಿತ್ತು. ಒಂದು ಆಘಾತ ತರಂಗ ಇನ್ನೊಂದನ್ನು ಸಂಧಿಸುವ ಜಾಗದಲ್ಲಿ ಶಾಖ ಎಷ್ಟು ಭೀಕರವಾಗಿ ಏರುತ್ತದೆ ಎಂಬುದನ್ನು ಆ ತೂತು ತೋರಿಸಿಕೊಟ್ಟಿತು. ಮುಂದಿನ ತಿಂಗಳು ಮೈಕೆಲ್ ಆಡಮ್ಸ್ ಇನ್ನೊಂದು ಎಕ್ಸ್-15ರಲ್ಲಿ ದಿಕ್ಕು ತಪ್ಪಿ, ಗಿರಕಿ ಹೊಡೆದು ಮೃತಪಟ್ಟರು.

ಅದೇ ಕಾಲದಲ್ಲಿ, ಎಕ್ಸ್-15 ಹಾರುತ್ತಿದ್ದ ಕ್ಯಾಲಿಫೋರ್ನಿಯಾದ ಮರುಭೂಮಿಯಲ್ಲೇ, ಒಣ ಸರೋವರದ ಮೇಲೆ, ರೆಕ್ಕೆಯಿಲ್ಲದ ಪ್ಲೈವುಡ್ ಗ್ಲೈಡರೊಂದನ್ನು ಪೋಂಟಿಯಾಕ್ ಕಾರಿಗೆ ಕಟ್ಟಿ ಎಳೆಯುತ್ತಿದ್ದರು. ನಾಸಾ ಎಂಜಿನಿಯರ್ ಡೇಲ್ ರೀಡ್ ಅವರ ಹಠದ ಫಲವಾದ ಎಂ2-ಎಫ್1 ಅದು. ಮೈಯ ಆಕಾರವೇ ವಿಮಾನವನ್ನು ಎತ್ತಿ ಹಿಡಿಯಬಲ್ಲದೇ ಎಂಬುದು ಅವರ ಪ್ರಶ್ನೆ. ಹಿಡಿಯಿತು. ಅದರ ಬೆನ್ನಿಗೆ ಬಂದ ಲೋಹದ ಸರಣಿ ವಿಮಾನಗಳು ಎಂಜಿನ್ ಆರಿದ ಮೇಲೂ, ಬಹು ಎತ್ತರದಿಂದ ಗುರಿಯಿಟ್ಟ ರನ್‌ವೇಗೆ ನಿಖರವಾಗಿ ಇಳಿಯಬಹುದೆಂದು ತೋರಿಸಿದವು. ಸ್ಪೇಸ್ ಷಟಲ್ ಎಂಜಿನ್ ನೆರವಿಲ್ಲದೆ ಇಳಿಯುವ ಧೈರ್ಯ ಮಾಡಿದ್ದು ಈ ಅನುಭವದ ಬಲದಿಂದ.

1972ರ ಮೇ 25ರಂದು ಹಾರಿದ ಎಫ್-8 ವಿಮಾನ ಹೊರಗಿನಿಂದ ನೋಡಲು ಹಳೆಯ ಯುದ್ಧವಿಮಾನವೇ. ಒಳಗೆ ಮಾತ್ರ ಪೈಲಟ್‌ನ ಹಿಡಿಯಿಂದ ರೆಕ್ಕೆಯವರೆಗೆ ಹೋಗುವ ಸರಳು, ಕೇಬಲ್‌ಗಳನ್ನು ಕಿತ್ತುಹಾಕಿ ವಿದ್ಯುತ್ ತಂತಿ ಎಳೆದಿದ್ದರು. ನಡುವೆ ಕುಳಿತಿದ್ದದ್ದು ಚಂದ್ರಯಾನಕ್ಕೆಂದು ಮಾಡಿದ ಅಪೊಲೊ ಕಂಪ್ಯೂಟರ್. ಆ ಪ್ರಯೋಗದ ದಾರಿಯಲ್ಲೇ ಮುಂದೆ ಏರ್‌ಬಸ್ ಎ320ರಂಥ ಪ್ರಯಾಣಿಕ ವಿಮಾನಗಳು ಬಂದವು. 1984ರಲ್ಲಿ ಹಾರಿದ ಎಕ್ಸ್-29ರ ರೆಕ್ಕೆಗಳು ಮುಂದಕ್ಕೆ ಬಾಗಿದ್ದವು. ಕಂಪ್ಯೂಟರ್ ಸೆಕೆಂಡಿಗೆ ನಲವತ್ತು ಬಾರಿ ತಿದ್ದದಿದ್ದರೆ ಅದು ಹಾರುವಂತೆಯೇ ಇರಲಿಲ್ಲ. ಮುಂಬಾಗಿದ ರೆಕ್ಕೆ ಚಾಲ್ತಿಗೆ ಬರಲಿಲ್ಲ, ಅಸ್ಥಿರ ವಿಮಾನವನ್ನು ಪಳಗಿಸುವ ಜ್ಞಾನ ಬಂತು.

ಸರ್ಕಾರದ ಹಣವಿಲ್ಲದವರ ಕಥೆಯೂ ಇದೆ. ಮನುಷ್ಯನ ಸ್ನಾಯುಬಲದಿಂದಲೇ ಹಾರಿ ಎಂಟರ ಆಕಾರದಲ್ಲಿ ಸುತ್ತು ಹಾಕುವವರಿಗೆಂದು ಇಟ್ಟಿದ್ದ ಕ್ರೆಮರ್ ಬಹುಮಾನ 50 ಸಾವಿರ ಪೌಂಡ್‌ಗೆ ಏರಿತ್ತು. ಹಲವು ತಂಡಗಳು ಬಹಳ ಕಾಲ ವ್ಯಯಿಸಿ ಸುಂದರವಾದ ಯಂತ್ರಗಳನ್ನು ಕಟ್ಟುತ್ತಿದ್ದವು. ಒಮ್ಮೆ ಮುರಿದರೆ ರಿಪೇರಿಗೆ ತಿಂಗಳುಗಳು. ಪಾಲ್ ಮೆಕ್‌ರೆಡಿ ಅಲ್ಯೂಮಿನಿಯಂ ಕೊಳವೆ, ತಂತಿ, ತೆಳು ಪ್ಲಾಸ್ಟಿಕ್ ಹಾಳೆಯಿಂದ ಬೇಗ ಮುರಿಯುವ, ಅಷ್ಟೇ ಬೇಗ ಸರಿಹೋಗುವ ಯಂತ್ರ ಕಟ್ಟಿದರು. ಬೀಳುವುದು, ಅಂಟಿಸುವುದು, ಮತ್ತೆ ಹಾರುವುದು. ಬ್ರಯಾನ್ ಆಲೆನ್ ತುಳಿದ ಅವರ ಗಾಸಮರ್ ಕಾಂಡರ್ 1977ರ ಆಗಸ್ಟ್‌ನಲ್ಲಿ ಬಹುಮಾನ ಗೆದ್ದಿತು. ಎರಡು ವರ್ಷಗಳ ನಂತರ ಅದರ ತಮ್ಮನಂಥ ಗಾಸಮರ್ ಆಲ್ಬಟ್ರಾಸ್ ಇಂಗ್ಲಿಷ್ ಕಾಲುವೆ ದಾಟಿತು. ಬರ್ಟ್ ರುಟಾನ್ ವಿನ್ಯಾಸ ಮಾಡಿದ ವಾಯೇಜರ್ 1986ರ ಡಿಸೆಂಬರ್‌ನಲ್ಲಿ ಇಂಧನ ತುಂಬಿಸಿಕೊಳ್ಳಲು ಎಲ್ಲೂ ನಿಲ್ಲದೆ ಒಂಬತ್ತು ದಿನಗಳಲ್ಲಿ ಭೂಮಿಯನ್ನು ಸುತ್ತಿತು.

ಇತ್ತೀಚಿನ ಪ್ರಯೋಗಗಳಲ್ಲಿ ಚಾಲಕರಹಿತ ಎಕ್ಸ್-43ರ ಮೊದಲ ವಿಮಾನ 2001ರ ಹಾರಾಟದಲ್ಲಿ ನಾಶವಾಯಿತು, ಅದೇ ಬಗೆಯ ಇನ್ನೊಂದು 2004ರಲ್ಲಿ ಮ್ಯಾಕ್ 9.6 ಮುಟ್ಟಿತು, ಎಂಜಿನ್ ಉರಿದದ್ದು ಸುಮಾರು ಹತ್ತು ಸೆಕೆಂಡು. ವಿದ್ಯುತ್ ಚಾಲಿತ ಎಕ್ಸ್-57 ಒಮ್ಮೆಯೂ ಹಾರದೆ 2023ರಲ್ಲಿ ಮುಗಿಯಿತು. ಬ್ಯಾಟರಿ, ಮೋಟಾರುಗಳಲ್ಲಿ ಎದುರಾದ ತೊಡಕುಗಳನ್ನು ನಾಸಾ ಬಹಿರಂಗವಾಗಿ ಬರೆದಿಟ್ಟಿದೆ. ಮುಂದಿನವರಿಗೆ ಅದು ಬಂಗಾರದಂಥ ಮಾಹಿತಿ.

ಈಗಿನ ಪ್ರಶ್ನೆ ಸದ್ದಿನದು. 1964ರಲ್ಲಿ ಒಕ್ಲಹೋಮ ನಗರದ ಮೇಲೆ ಆರು ತಿಂಗಳ ಕಾಲ ಶಬ್ದಾತೀತ ವಿಮಾನಗಳನ್ನು ಹಾರಿಸಿ, ಸಾವಿರಕ್ಕೂ ಹೆಚ್ಚು ಬಾರಿ ಸಿಡಿಲಿನಂಥ ಸದ್ದು ಕೇಳಿಸಿ, ಜನ ಎಷ್ಟು ಸಹಿಸಬಲ್ಲರೆಂದು ನೋಡಿದ್ದರು. ದೂರುಗಳು ಸುರಿದವು. 1973ರಲ್ಲಿ ಅಮೆರಿಕ ತನ್ನ ನೆಲದ ಮೇಲೆ ನಾಗರಿಕ ವಿಮಾನಗಳ ಶಬ್ದಾತೀತ ಹಾರಾಟವನ್ನು ನಿಷೇಧಿಸಿತು. ವಿಮಾನದ ಆಕಾರ ಬದಲಿಸಿ ಆಘಾತ ತರಂಗಗಳು ಒಂದಾಗದಂತೆ ತಡೆದರೆ ಸಿಡಿಲು ಬರೀ ಮೆಲುದನಿಯ ಗುಮ್ಮೆನ್ನುವ ಸದ್ದಾಗುತ್ತದೆಯೇ? 2003ರಲ್ಲಿ ಎಫ್-5 ವಿಮಾನವೊಂದರ ಮೂತಿಯನ್ನು ಬದಲಿಸಿ ಈ ಸಿದ್ಧಾಂತ ನಿಜವೆಂದು ಕಂಡುಕೊಂಡರು. ಅದಕ್ಕೆಂದೇ ಇಡಿಯಾಗಿ ಕಟ್ಟಿದ ಎಕ್ಸ್-59 2025ರ ಅಕ್ಟೋಬರ್ 28ರಂದು ಮೊದಲ ಬಾರಿಗೆ ಹಾರಿತು. ಸುಮಾರು 30 ಮೀಟರ್ ಉದ್ದದ ಅದರಲ್ಲಿ ಮೂರನೇ ಒಂದು ಪಾಲು ಬರೀ ಮೂತಿ. ಎಂಜಿನ್ ಬೆನ್ನ ಮೇಲೆ. ಪೈಲಟ್‌ಗೆ ಮುಂದೆ ಕಿಟಕಿಯೇ ಇಲ್ಲ, ಕ್ಯಾಮೆರಾದ ಚಿತ್ರವನ್ನು ಪರದೆಯ ಮೇಲೆ ನೋಡಿ ಹಾರಿಸಬೇಕು. ಊರುಗಳ ಮೇಲೆ ಅದನ್ನು ಹಾರಿಸಿ, ಕೆಳಗಿರುವ ಜನರಿಗೆ ಏನು ಕೇಳಿಸಿತೆಂದು ವಿಚಾರಿಸಿ, ಆ ಉತ್ತರಗಳನ್ನು ನಿಯಮ ರೂಪಿಸುವವರ ಮುಂದಿಡುವುದು ನಾಸಾದ ಯೋಜನೆ. ಎಷ್ಟು ವೇಗ ಎಂಬುದರ ಬದಲು ಎಷ್ಟು ಸದ್ದು ಎಂಬುದರ ಮೇಲೆ ಹೊಸ ನಿಯಮ ನಿಲ್ಲಬಹುದೇ ಎಂಬುದು ಆ ಉತ್ತರಗಳಿಂದ ತೀರ್ಮಾನವಾಗಬೇಕು.