ಸೆರ್ಜಿಯೊ ಕೊರಿಯೇರಿ ನೋಟ್ಸ್: ಯಾವ ಸೆರ್ಜಿಯೊ ಅನ್ನೋದೇ ತಲೆನೋವು

ಕ್ಯೂಬಾ ಸಿನಿಮಾ ಓದ್ತಿರೋರಿಗೆ ಇದು, ಅಲ್ಲಿನ ನಟ ಸೆರ್ಜಿಯೊ ಕೊರಿಯೇರಿ ಬಗ್ಗೆ. ಎರಡು ದಿನ ಒಂದೇ ಕಡೆ ಸಿಕ್ಕಾಕೊಂಡಿದ್ದೆ, ಮರ್ತೋಗೋ ಮುಂಚೆ ಬರ್ದಿಡ್ತಿದೀನಿ.

ಶುರುವಿನದ್ದು ಸುಲಭ. 1938ರಲ್ಲಿ ಹವಾನಾದಲ್ಲಿ ಹುಟ್ಟಿದ್ರು, ನಾಟಕದಿಂದ ಬಂದೋರು, ತೆಯಾತ್ರೊ ಎಸ್ತೂದಿಯೊ ತಂಡ. 1964ರಲ್ಲಿ ಸೋವಿಯತ್ ನಿರ್ದೇಶಕ ಕಲಾತೊಜೊವ್ ಅವರ 'ಸೊಯ್ ಕೂಬಾ' ಸಿನಿಮಾದಲ್ಲಿ ಆಲ್ಬೆರ್ತೊ ಅನ್ನೋ ಪಾತ್ರ.

ಈಗ ನಾನು ಎಡವಿದ ಜಾಗ. 1968ರಲ್ಲಿ ತೊಮಾಸ್ ಗುತಿಯೆರೆಸ್ ಆಲೆಯಾ ಅವರ 'ಮೆಮೊರಿಯಾಸ್ ದೆಲ್ ಸುಬ್ದೆಸರೊಯೊ' ಬಂತು, ಅದರಲ್ಲಿ ಕೊರಿಯೇರಿ ಮಾಡಿದ ನಾಯಕನ ಹೆಸರೂ ಸೆರ್ಜಿಯೊನೇ. 1961ರಲ್ಲಿ ಹೆಂಡತಿ, ಅಪ್ಪ ಅಮ್ಮ ಎಲ್ಲಾ ಮಯಾಮಿಗೆ ಹೊರಟೋಗ್ತಾರೆ, ಇವನೊಬ್ಬ ಹವಾನಾದಲ್ಲೇ ಉಳ್ಕೊಂಡು ಬಾಲ್ಕನಿಯಿಂದ ಟೆಲಿಸ್ಕೋಪಲ್ಲಿ ಊರು ನೋಡ್ತಾ ಕೂತಿರ್ತಾನೆ, ಕಾಸ್ಟ್ರೊ ಕ್ರಾಂತಿಗೂ ಸೇರಲ್ಲ ಓಡೂ ಹೋಗಲ್ಲ. ಪೂರ್ತಿ ಸಿನಿಮಾ ಅವನ 'ನಾನು' ಅನ್ನೋ ದನಿಯಲ್ಲಿ ಓಡುತ್ತೆ, ಹಾಗಾಗಿ ನಾನು ಇದು ನಟನ ಸ್ವಂತ ಕಥೆ ಅಂದ್ಕೊಂಡೇ ಅರ್ಧ ನೋಟ್ಸ್ ಬರ್ದಿದ್ದೆ. ಅಲ್ಲ! ಮೂಲ ಎದ್ಮುಂದೊ ದೆಸ್ನೊಯೆಸ್ ಅವರ ಕಾದಂಬರಿ. ಇನ್ನೂ ಗೋಜಲು ಏನಂದ್ರೆ, ಆ ದೆಸ್ನೊಯೆಸ್ ಒಂದು ವಿಚಾರಗೋಷ್ಠಿ ಸೀನಲ್ಲಿ ದೆಸ್ನೊಯೆಸ್ ಆಗೇ ಕೂತಿರ್ತಾರೆ, ನಿರ್ದೇಶಕ ಆಲೆಯಾನೂ ಒಂದ್ಕಡೆ ನಿರ್ದೇಶಕನಾಗೇ ಬರ್ತಾರೆ. ಅಂದ್ರೆ ನಿಜವಾದವ್ರು ನಿಜವಾಗಿ ಬರೋ ಸಿನಿಮಾದಲ್ಲಿ, ತನ್ನ ಹೆಸರೇ ಇಟ್ಕೊಂಡಿರೋ ನಟ ಮಾತ್ರ ತಾನಲ್ಲ. ವಯಸ್ಸೂ ಹಾಗೇ: ಪಾತ್ರ ತನಗೆ 38 ಅನ್ನುತ್ತೆ, ನಟನ ಹುಟ್ಟಿದ ವರ್ಷ '38, ಆದ್ರೆ ಅವರಿಗೆ ಆಗ ಮೂವತ್ತರ ಆಸುಪಾಸು ಅಷ್ಟೇ. ನಾನು ಎರಡನ್ನೂ ಒಂದೇ ಅಂತ ಗೀಚಿದ್ದೆ.

ನನ್ನ ಶಾರ್ಟ್‌ಕಟ್: ನಟನಿಗೆ 'ಅವರು', ಪಾತ್ರಕ್ಕೆ 'ಅವನು'. ಕನ್ನಡದಲ್ಲಿ ಈ ಬಹುವಚನ ಇರೋದೇ ಪುಣ್ಯ. ಅವನು ಹವಾನಾ ಬಿಡಲಿಲ್ಲ, ಕೂತು ನೋಡ್ದ. ಅವರು ಹವಾನಾ ಬಿಟ್ರು. ಅದೂ ಅದೇ 1968ರಲ್ಲಿ, ಸಿನಿಮಾದಲ್ಲಿ ಹೆಸರು ಬರ್ತಿದ್ದಾಗ! ಒಂದಿಷ್ಟು ನಟರನ್ನ ಕಟ್ಕೊಂಡು ಮಧ್ಯ ಕ್ಯೂಬಾದ ಎಸ್ಕಾಂಬ್ರಾಯ್ ಬೆಟ್ಟಕ್ಕೆ ಹೋಗಿ ಗ್ರೂಪೊ ತೆಯಾತ್ರೊ ಎಸ್ಕಾಂಬ್ರಾಯ್ ಶುರು ಮಾಡಿದ್ರು. ರೈತರ ಹತ್ರ ಕೂತು ಮಾತಾಡಿ, ಅವರದೇ ಸಮಸ್ಯೆನ ನಾಟಕ ಮಾಡಿ, ಅವರ ಮುಂದೇನೇ ಆಡಿ ಚರ್ಚೆಗೆ ಬಿಡೋದು. ಪಾತ್ರ ಮಾಡದೇ ಇದ್ದದ್ದನ್ನ ನಟ ಮಾಡಿದ್ರು, ನಂಗೆ ಇವರ ಇಡೀ ವೃತ್ತಿಯಲ್ಲಿ ಅತಿ ಇಷ್ಟವಾದ ಜಾಗ ಇದು.

ಈ ಬೆಟ್ಟ ಮುಂದೆಯೂ ಬರುತ್ತೆ. 1973ರ 'ಎಲ್ ಓಂಬ್ರೆ ದೆ ಮೈಸಿನಿಕೂ' (ನಿರ್ದೇಶಕ ಮಾನುವೆಲ್ ಪೆರೆಸ್) ನಡೆಯೋದು ಅಲ್ಲೇ. 60ರ ದಶಕದಲ್ಲಿ ಕ್ರಾಂತಿ ವಿರೋಧಿ ಗುಂಪುಗಳು ಅಲ್ಲಿ ಅಡಗಿದ್ವು, ಅವರೊಳಗೆ ನುಗ್ಗಿ 1964ರಲ್ಲಿ ಕೊಲೆಯಾದ ಸರ್ಕಾರಿ ಗೂಢಚಾರ ಆಲ್ಬೆರ್ತೊ ದೆಲ್ಗಾದೊ ಪಾತ್ರ ಇವರದ್ದು. ಹ್ಞೂಂ, ಮತ್ತೆ ಆಲ್ಬೆರ್ತೊ. ಆದ್ರೆ ಇವನು ನಿಜವಾಗ್ಲೂ ಬದುಕಿದ್ದ ಮನುಷ್ಯ, 'ಸೊಯ್ ಕೂಬಾ'ದವನ ಜೊತೆ ಸೇರಿಸ್ಬೇಡಿ.

ಟಿವಿ: 1979ರ ಧಾರಾವಾಹಿ 'ಎನ್ ಸಿಲೆನ್ಸಿಯೊ ಆ ತೆನಿದೊ ಕೆ ಸೆರ್'. ಇಲ್ಲೂ ಗೂಢಚಾರ, ಗುಪ್ತನಾಮ ದಾವಿದ್. ಕ್ಯೂಬಾದ ಮನೆಮನೆಗೂ ಇವರ ಮುಖ ಪರಿಚಯ ಆಗಿದ್ದು ಇದರಿಂದ. ಹೆಸರಿನ ಅರ್ಥ 'ಮೌನವಾಗೇ ಆಗಬೇಕಾಯ್ತು' ಅಂತ, ಕ್ಯೂಬಾ ಸ್ವಾತಂತ್ರ್ಯ ಹೋರಾಟದ ನಾಯಕ ಹೊಸೆ ಮಾರ್ತಿ 1895ರ ಮೇ 18ರಂದು, ಸಾಯೋ ಹಿಂದಿನ ದಿನ, ಬರೀತಾ ಅರ್ಧಕ್ಕೆ ಬಿಟ್ಟ ಪತ್ರದ ಸಾಲು.

ಆಮೇಲೆ ನಟನೆಗಿಂತ ಸರ್ಕಾರಿ ಜವಾಬ್ದಾರಿಗಳೇ ಜಾಸ್ತಿ, ವಿದೇಶಗಳ ಜೊತೆ ಸ್ನೇಹಸಂಬಂಧ ನೋಡ್ಕೊಳ್ಳೋ ಸಂಸ್ಥೆ ಇಕಾಪ್‌ನ ಮುಖ್ಯಸ್ಥರಾಗಿದ್ರು. ತೀರ್ಕೊಂಡಿದ್ದು 2008ರ ಫೆಬ್ರವರಿ 29, ಈ ಒಂದು ತಾರೀಕು ಮಾತ್ರ ಉರು ಹೊಡೀದೇನೇ ನೆನಪಲ್ಲಿ ಉಳೀತು.