ಹೀಲಿಯಂ ಉಳಿಯಿತು, ಕರೋನಿಯಂ ಅಳಿಯಿತು: ಒಂದೇ ತರ್ಕದ ಎರಡು ಫಲ

1868ರ ಆಗಸ್ಟ್ 18ರ ಬೆಳಿಗ್ಗೆ ಖಗ್ರಾಸ ಸೂರ್ಯಗ್ರಹಣದ ನೆರಳು ಭಾರತವನ್ನು ಪಶ್ಚಿಮದಿಂದ ಪೂರ್ವಕ್ಕೆ ದಾಟಿತು. ದಾರಿಯುದ್ದಕ್ಕೂ ಜಮಖಂಡಿ, ವಿಜಯಪುರ, ಗುಂಟೂರು, ಮಚಲೀಪಟ್ನಂಗಳಲ್ಲಿ ಉಪಕರಣಗಳು ಸಜ್ಜಾಗಿದ್ದವು. ಈಗ ಬಾಗಲಕೋಟೆ ಜಿಲ್ಲೆಯಲ್ಲಿರುವ ಜಮಖಂಡಿಗೆ ಬಂದಿದ್ದವರು ಲೆಫ್ಟಿನೆಂಟ್ ಜಾನ್ ಹರ್ಷೆಲ್. ಯುರೇನಸ್ ಗ್ರಹ ಕಂಡುಹಿಡಿದ ವಿಲಿಯಂ ಹರ್ಷೆಲ್ ಅವರ ಮೊಮ್ಮಗ. ಮೋಡಗಳ ಸಂದಿನಲ್ಲಿ ಸೂರ್ಯನ ಅಂಚಿನಿಂದ ಎದ್ದ ಬೆಂಕಿನಾಲಗೆಯೊಂದರತ್ತ ಬೆಳಕನ್ನು ಬಣ್ಣಗಳಾಗಿ ಬಿಡಿಸಿ ತೋರುವ ರೋಹಿತದರ್ಶಕ ತಿರುಗಿಸಿದಾಗ ಅವರಿಗೆ ಮೂರು ಉಜ್ವಲ ಗೆರೆಗಳು ಕಂಡವು: ಕೆಂಪು, ಕಿತ್ತಳೆ, ನೀಲಿ. ಕಾದ ಪ್ರತಿ ಧಾತುವಿನ ಅನಿಲವೂ ತನ್ನದೇ ಜಾಗಗಳಲ್ಲಿ ಗೆರೆ ತೋರುತ್ತದೆ; ಕಿತ್ತಳೆ ಗೆರೆ ಸೋಡಿಯಂನ ‘ಡಿ’ ಗೆರೆಯೇ ಎಂದು ಅವರು ವರದಿ ಮಾಡಿದರು. ಉಪಕರಣದ ಶಕ್ತಿ ಇರುವಷ್ಟರ ಮಟ್ಟಿಗೆ ಎಂಬ ಎಚ್ಚರಿಕೆಯ ಮಾತನ್ನೂ ಸೇರಿಸಿದರು.

ಆ ಎಚ್ಚರಿಕೆ ಬೇಕೇ ಬೇಕಿತ್ತು. ಸೋಡಿಯಂನ ಜೋಡಿ ಗೆರೆಗಳು 589.0 ಮತ್ತು 589.6 ನ್ಯಾನೊಮೀಟರ್ ತರಂಗಾಂತರದಲ್ಲಿವೆ. ಜಮಖಂಡಿಯಲ್ಲಿ ಕಂಡದ್ದು 587.6ರ ಗೆರೆ. ಗ್ರಹಣದ ಕೆಲವೇ ನಿಮಿಷಗಳಲ್ಲಿ, ಮೋಡದ ಕಾಟದ ನಡುವೆ, ಒಂದೂವರೆ ನ್ಯಾನೊಮೀಟರಿನಷ್ಟು ಅಂತರವನ್ನು ಬಿಡಿಸಿ ನೋಡುವುದು ಸುಲಭವಲ್ಲ. ಎರಡು ತಿಂಗಳ ನಂತರ, ಅಕ್ಟೋಬರ್ 20ರಂದು, ಇಂಗ್ಲೆಂಡಿನಲ್ಲಿ ಖಗೋಳಜ್ಞ ನಾರ್ಮನ್ ಲಾಕಿಯರ್ ಗ್ರಹಣವಿಲ್ಲದೆಯೇ ಆ ಗೆರೆಗಳನ್ನು ಹಿಡಿದರು. ಉಪಾಯ ಇಷ್ಟೇ. ಹಲವು ಪಟ್ಟಕಗಳ ಮೂಲಕ ಬೆಳಕನ್ನು ಹಾಯಿಸಿದರೆ ಆಕಾಶದ ಬಿಳಿ ಬೆಳಕು ಹರಡಿ ತೆಳುವಾಗುತ್ತದೆ; ಒಂದೇ ಬಣ್ಣದ ಉಜ್ವಲ ಗೆರೆ ಹರಡಲಾರದು, ಹಾಗಾಗಿ ಎದ್ದು ಕಾಣುತ್ತದೆ. ಬಿಡುವಾಗಿ ಅಳೆದು ನೋಡಿದಾಗ ಆ ಕಿತ್ತಳೆ ಗೆರೆ ಸೋಡಿಯಂನ ಜಾಗದಲ್ಲಿರಲಿಲ್ಲ. ಭೂಮಿಯ ಮೇಲೆ ಗೊತ್ತಿದ್ದ ಯಾವ ಧಾತುವಿನ ಜಾಗದಲ್ಲೂ ಇರಲಿಲ್ಲ. ಮುಂದೆ ಅದಕ್ಕೆ ಸೂರ್ಯನ ಗ್ರೀಕ್ ಹೆಸರಿನಿಂದ ‘ಹೀಲಿಯಂ’ ಎಂದು ಹೆಸರಾಯಿತು.

ಬರಿಯ ಒಂದು ಗೆರೆಯಿಂದ ಹೊಸ ಧಾತುವನ್ನು ಊಹಿಸುವುದು ಆಗ ದುಡುಕಿನ ಕೆಲಸವಾಗಿರಲಿಲ್ಲ. ಹೈಡೆಲ್‌ಬರ್ಗಿನ ಬುನ್ಸೆನ್ ಮತ್ತು ಕಿರ್ಕಾಫ್ ಇದೇ ದಾರಿಯಲ್ಲಿ 1860ರಲ್ಲಿ ಸೀಸಿಯಂ, 1861ರಲ್ಲಿ ರುಬಿಡಿಯಂ ಕಂಡುಹಿಡಿದಿದ್ದರು. ಅದೇ ವರ್ಷ ಇಂಗ್ಲೆಂಡಿನ ರಸಾಯನಜ್ಞ ಕ್ರೂಕ್ಸ್ ಅವರಿಗೆ ಒಂದು ಹಸಿರು ಗೆರೆಯಿಂದ ಥಾಲಿಯಂ ಸಿಕ್ಕಿತ್ತು. 1863ರಲ್ಲಿ ಇಂಡಿಯಂ. ಅಪರಿಚಿತ ಗೆರೆ ಕಂಡರೆ ಅಪರಿಚಿತ ಧಾತು ಇದೆ ಎಂಬ ಸೂತ್ರ ಸೋತೇ ಇರಲಿಲ್ಲ.

ಹೀಲಿಯಂ ಕೈಗೆ ಸಿಕ್ಕಲು 27 ವರ್ಷ ಹಿಡಿಯಿತು. 1895ರ ಮಾರ್ಚಿನಲ್ಲಿ ಲಂಡನ್ನಿನ ರಸಾಯನಜ್ಞ ವಿಲಿಯಂ ರಾಮ್ಸೆ ಆರ್ಗಾನ್ ಅನಿಲ ಹುಡುಕುತ್ತ ಕ್ಲೀವೈಟ್ ಎಂಬ ಯುರೇನಿಯಂ ಅದಿರನ್ನು ಆಮ್ಲದಲ್ಲಿ ಕಾಯಿಸಿ, ಹೊರಬಂದ ಅನಿಲವನ್ನು ಶುದ್ಧ ಮಾಡಿ ರೋಹಿತ ನೋಡಿದರು. ಕ್ರೂಕ್ಸ್ ಅಳತೆಯಲ್ಲಿ ಅದರ ಗೆರೆ ಸೂರ್ಯನ ಹಳದಿ ಗೆರೆಯೇ, ಅಂದರೆ ಹರ್ಷೆಲ್ ಕಿತ್ತಳೆ ಎಂದದ್ದೇ, ಆಗಿತ್ತು. ಇಂಥದೇ ಅದಿರಿನ ಅನಿಲವನ್ನು ಕೆಲವು ವರ್ಷ ಮೊದಲೇ ಅಮೆರಿಕದ ಹಿಲೆಬ್ರಾಂಡ್ ಹೊರತೆಗೆದು ನೈಟ್ರೋಜನ್ ಎಂದುಕೊಂಡಿದ್ದರು. ರಾಮ್ಸೆ ಅನಿಲಕ್ಕೂ ಒಂದು ತೊಡಕು ಎದುರಾಯಿತು: ಅದರ ಹಳದಿ ಗೆರೆ ಸೂಕ್ಷ್ಮವಾಗಿ ನೋಡಿದರೆ ಜೋಡಿಗೆರೆ ಎಂದು ಜರ್ಮನಿಯ ರುಂಗೆ ತೋರಿಸಿದರು. ಸೂರ್ಯನದು ಒಂಟಿಯಲ್ಲವೇ? ಮತ್ತೆ ಸೂರ್ಯನತ್ತ ತಿರುಗಿ ನೋಡಿದಾಗ ಅಲ್ಲಿಯೂ ಜೋಡಿಯೇ ಇತ್ತು. ಅಲ್ಲಿಯತನಕ ಯಾರಿಗೂ ಅಷ್ಟು ಬಿಡಿಸಿ ನೋಡುವ ಕಾರಣ ಬಂದಿರಲಿಲ್ಲ.

ಇದೇ ಸೂತ್ರ ಇನ್ನೆರಡು ಕಡೆ ಎಲ್ಲಿಗೆ ಒಯ್ದಿತು ಎಂಬುದನ್ನು ಪಕ್ಕದಲ್ಲಿಟ್ಟು ನೋಡಬೇಕು. 1864ರಲ್ಲಿ ಇಂಗ್ಲೆಂಡಿನ ಖಗೋಳಜ್ಞ ವಿಲಿಯಂ ಹಗಿನ್ಸ್ ಡ್ರೇಕೊ ನಕ್ಷತ್ರಪುಂಜದ ನೀಹಾರಿಕೆಯೊಂದರಲ್ಲಿ, ಅಂದರೆ ಆಕಾಶದ ಅನಿಲಮೋಡದಲ್ಲಿ, ಹಸಿರು ಗೆರೆಗಳನ್ನು ಕಂಡರು. ಅವುಗಳಲ್ಲಿ 500.7 ಮತ್ತು 495.9 ನ್ಯಾನೊಮೀಟರಿನ ಎರಡಕ್ಕೆ ಭೂಮಿಯಲ್ಲಿ ಒಡೆಯರಿರಲಿಲ್ಲ. ‘ನೆಬ್ಯುಲಿಯಂ’ ಎಂಬ ಊಹೆಯ ಧಾತು ಹುಟ್ಟಿತು. 1869ರ ಆಗಸ್ಟ್ 7ರ ಅಮೆರಿಕದ ಗ್ರಹಣದಲ್ಲಿ ಯಂಗ್ ಮತ್ತು ಹಾರ್ಕ್‌ನೆಸ್ ಸೂರ್ಯನ ಹೊರ ವಾತಾವರಣವಾದ ಕರೋನದಲ್ಲಿ ಇನ್ನೊಂದು ಹಸಿರು ಗೆರೆ ಕಂಡರು. ‘ಕರೋನಿಯಂ’ ಹುಟ್ಟಿತು.

ಕರೋನಿಯಂ ಪ್ರಕರಣ ಕಣ್ಣರಳಿಸುವಂಥದ್ದು. ಆ ಗೆರೆ ಕಿರ್ಕಾಫ್ ಅಳತೆಪಟ್ಟಿಯ 1474ನೇ ಗುರುತಿನಲ್ಲಿ, ಅಂದರೆ ಕಬ್ಬಿಣದ ಒಂದು ಗೆರೆಯ ಜಾಗದಲ್ಲೇ, ಕೂತಂತೆ ಕಂಡಿತು. ಹಾಗಾದರೆ ಅದು ಕಬ್ಬಿಣವೇ? ಅಲ್ಲ ಎನ್ನಲು ಎರಡು ಗಟ್ಟಿ ಕಾರಣಗಳಿದ್ದವು. ಕಬ್ಬಿಣಕ್ಕೆ ನೂರಾರು ಗೆರೆಗಳಿವೆ. ಉಳಿದವು ಎಲ್ಲಿ ಹೋದವು? ಅಷ್ಟು ಭಾರದ ಆವಿ ಹಗುರ ಹೈಡ್ರೋಜನ್ನಿಗಿಂತ ಮೇಲೆ ತೇಲುವುದು ಹೇಗೆ? ಆದ್ದರಿಂದ ಇದು ಹೈಡ್ರೋಜನ್ನಿಗಿಂತಲೂ ಹಗುರವಾದ ಹೊಸ ಧಾತು ಎಂದಾಯಿತು. ಮೆಂಡಲೀವ್ ತಮ್ಮ ಕೊನೆಯ ವರ್ಷಗಳಲ್ಲಿ ಅದಕ್ಕೆ ಸುಮಾರು 0.4 ಪರಮಾಣು ತೂಕ ಊಹಿಸಿ ಆವರ್ತ ಕೋಷ್ಟಕದಲ್ಲಿ ಜಾಗ ಕೊಟ್ಟರು. ಈ ನಡುವೆ, 1898ರ ಜನವರಿ 22ರ ಗ್ರಹಣದಲ್ಲಿ ಭಾರತದಲ್ಲಿ ತೆಗೆದ ಫೋಟೊ ಫಲಕಗಳು ಗೆರೆಯ ನಿಜವಾದ ಜಾಗ 530.3 ನ್ಯಾನೊಮೀಟರ್ ಎಂದು ತೋರಿಸಿದವು. ಮೂವತ್ತು ವರ್ಷ ನಂಬಿದ್ದ ಅಳತೆಯೇ ಒಂದು ನ್ಯಾನೊಮೀಟರಿಗಿಂತ ಹೆಚ್ಚು ತಪ್ಪಿತ್ತು. ಕಬ್ಬಿಣದ ಗೆರೆಯೊಂದಿಗಿನ ನಂಟು ಅಲ್ಲಿಗೆ ಕಡಿಯಿತು, ಕರೋನಿಯಂ ಇನ್ನಷ್ಟು ಬಲಗೊಂಡಿತು.

ಆದರೆ ಆ ಗೆರೆ ಕಬ್ಬಿಣದ್ದೇ ಆಗಿತ್ತು.

ಇದು ಗೊತ್ತಾಗುವ ಮೊದಲು ನೆಲವೇ ಬದಲಾಗಬೇಕಾಯಿತು. 1913ರಲ್ಲಿ ಮೋಸ್ಲಿ ಧಾತುಗಳನ್ನು ತೂಕದಿಂದಲ್ಲ, ಪರಮಾಣು ಸಂಖ್ಯೆಯಿಂದ ಎಣಿಸಬೇಕೆಂದು ತೋರಿಸಿದರು. ಹೈಡ್ರೋಜನ್ 1, ಹೀಲಿಯಂ 2. ಹೈಡ್ರೋಜನ್ನಿಗಿಂತ ಕೆಳಗೆ ಯಾವ ಪೂರ್ಣಾಂಕವೂ ಖಾಲಿ ಉಳಿಯಲಿಲ್ಲ, ಕರೋನಿಯಂಗೆ ಜಾಗವೇ ಇಲ್ಲದಾಯಿತು. 1920ರಲ್ಲಿ ಮೇಘನಾದ ಸಹಾ ಅವರ ಸಮೀಕರಣ ಬಂತು: ಉಷ್ಣತೆ ಏರಿದಂತೆ, ಒತ್ತಡ ಇಳಿದಂತೆ ಪರಮಾಣುಗಳು ಎಲೆಕ್ಟ್ರಾನು ಕಳಚಿಕೊಳ್ಳುತ್ತವೆ, ಎಷ್ಟು ಪ್ರಮಾಣದಲ್ಲಿ ಎಂದು ಲೆಕ್ಕ ಹಾಕಬಹುದು. ಎಲೆಕ್ಟ್ರಾನು ಕಳಚಿದ ಪರಮಾಣುವಿನ ರೋಹಿತವೇ ಬೇರೆ.

1927ರಲ್ಲಿ ಅಮೆರಿಕದ ಐರಾ ಬೋವೆನ್ ನೆಬ್ಯುಲಿಯಂ ಗಂಟು ಬಿಚ್ಚಿದರು. ಆ ಹಸಿರು ಗೆರೆಗಳು ಎರಡು ಎಲೆಕ್ಟ್ರಾನು ಕಳೆದುಕೊಂಡ ಆಮ್ಲಜನಕದವು. ಪರಮಾಣು ಸಾಮಾನ್ಯವಾಗಿ ಸೆಕೆಂಡಿನ ಹತ್ತು ಕೋಟಿಯ ಒಂದು ಭಾಗದಷ್ಟು ಹೊತ್ತಿನಲ್ಲಿ ಬೆಳಕು ಚೆಲ್ಲಿ ಕೆಳಗಿಳಿಯುತ್ತದೆ. ಈ ಗೆರೆಗಳಿಗೆ ಮಾತ್ರ ಅರ್ಧ ನಿಮಿಷದ ಆಸುಪಾಸು ಕಾಯಬೇಕು. ಆಗಿನ ಪ್ರಯೋಗಾಲಯದ ಅತ್ಯುತ್ತಮ ನಿರ್ವಾತದಲ್ಲೂ ಅಷ್ಟರೊಳಗೆ ಇನ್ನೊಂದು ಕಣ ಬಂದು ಡಿಕ್ಕಿ ಹೊಡೆದು ಶಕ್ತಿಯನ್ನು ಕಸಿಯುತ್ತಿತ್ತು. ನೀಹಾರಿಕೆ ಅದಕ್ಕಿಂತಲೂ ಎಷ್ಟೋ ಪಟ್ಟು ವಿರಳ. ಬಳಿಕ ಜರ್ಮನಿಯ ಗ್ರೋಟ್ರಿಯಾನ್ ಕೊಟ್ಟ ಸುಳಿವು ಹಿಡಿದು ಸ್ವೀಡನ್ನಿನ ಎಡ್ಲೆನ್ 1940ರ ದಶಕದ ಆರಂಭದಲ್ಲಿ 530.3ರ ಗೆರೆ ಯಾವುದೆಂದು ಗುರುತಿಸಿದರು: 26 ಎಲೆಕ್ಟ್ರಾನುಗಳಲ್ಲಿ 13 ಕಳೆದುಕೊಂಡ ಕಬ್ಬಿಣ.

ಮೂರೂ ಪ್ರಕರಣಗಳಲ್ಲಿ ವೀಕ್ಷಣೆ ಪ್ರಾಮಾಣಿಕ, ತರ್ಕ ಒಂದೇ. ಒಂದು ಗೆದ್ದಿತು, ಎರಡು ಸೋತವು. ಹೀಲಿಯಂ ಪಕ್ಷದವರು ಹೆಚ್ಚು ಎಚ್ಚರದಿಂದಿದ್ದರು, ಕರೋನಿಯಂ ಪಕ್ಷದವರು ಅಜಾಗರೂಕರಾಗಿದ್ದರು ಎನ್ನುವುದು ಫಲಿತಾಂಶ ನೋಡಿಕೊಂಡು ಹೇಳುವ ಮಾತು. 1870ರಲ್ಲಿ ನಿಂತು ನೋಡಿದವರಿಗೆ ಇವೆರಡರ ಸಾಕ್ಷ್ಯದಲ್ಲಿ ಅಂಥ ವ್ಯತ್ಯಾಸವೇನೂ ಕಾಣುತ್ತಿರಲಿಲ್ಲ.

ಫ್ರಾನ್ಸಿನ ಭೌತವಿಜ್ಞಾನಿ, ತತ್ವಜ್ಞಾನಿ ಪಿಯರ್ ದುಹೆಮ್ 1906ರಲ್ಲಿ ವಾದಿಸಿದ್ದು ಇಲ್ಲಿ ನೇರವಾಗಿ ಅನ್ವಯಿಸುತ್ತದೆ: ಪ್ರಯೋಗ ಯಾವ ಊಹೆಯನ್ನೂ ಒಂಟಿಯಾಗಿ ಪರೀಕ್ಷಿಸುವುದಿಲ್ಲ, ಇಡೀ ಕಟ್ಟನ್ನು ಪರೀಕ್ಷಿಸುತ್ತದೆ. ‘ಅಪರಿಚಿತ ಗೆರೆ, ಆದ್ದರಿಂದ ಅಪರಿಚಿತ ಧಾತು’ ಎಂಬ ವಾಕ್ಯದ ನಡುವೆ ಒಂದು ಗೃಹೀತ ಅಡಗಿತ್ತು: ಒಂದು ಧಾತು ತೋರಬಲ್ಲ ಗೆರೆಗಳೆಲ್ಲ ನಮ್ಮ ಪ್ರಯೋಗಾಲಯದಲ್ಲಿ ಕಂಡಿವೆ. ಲಾಕಿಯರ್‌ಗೆ ಇದರ ಮೇಲೆ ಅನುಮಾನ ಬಂದಿತ್ತು. ಶಾಖ ಬದಲಾದಂತೆ ಗೆರೆಗಳೂ ಬದಲಾಗುವುದನ್ನು ಕಂಡು, ಧಾತುಗಳೇ ಒಡೆಯುತ್ತಿರಬೇಕು ಎಂದು ಅವರು ವಾದಿಸಿದ್ದರು. ಪರಮಾಣುವಿಗೆ ಒಳಗೊಂದು ರಚನೆಯಿದೆ ಎಂದು ಗೊತ್ತಿಲ್ಲದ ಕಾಲದಲ್ಲಿ ಆ ಅನುಮಾನವನ್ನು ಸರಿಯಾಗಿ ಹೇಳಲು ಭಾಷೆಯೇ ಇರಲಿಲ್ಲ.

ಸಿದ್ಧಾಂತಗಳು ಬಂದು ಹೋಗುತ್ತವೆ, ಅಳತೆಗಳು ಉಳಿಯುತ್ತವೆ ಎಂಬ ಮಾತಿನಲ್ಲಿ ಸತ್ಯಾಂಶವಿದೆ: ಕರೋನಿಯಂ ಹೋಯಿತು, 530.3 ಉಳಿಯಿತು. ಆದರೆ 1869ರ ಅಳತೆ ಉಳಿಯಲಿಲ್ಲವಲ್ಲ. ಯಶಸ್ವಿಯೆನಿಸಿದ ಹಳೆಯ ಸಿದ್ಧಾಂತಗಳೇ ಸುಳ್ಳಾಗಿರುವಾಗ ಇಂದಿನವನ್ನು ಏಕೆ ನಂಬಬೇಕು ಎಂದು ವಿಜ್ಞಾನದ ತತ್ವಜ್ಞಾನಿ ಲ್ಯಾರಿ ಲಾಡನ್ 1981ರಲ್ಲಿ ಸವಾಲು ಹಾಕಿದರು. ಈ ಪ್ರಕರಣ ಅದಕ್ಕೆ ಭಾಗಶಃ ಮಾತ್ರ ಉತ್ತರ ಕೊಡುತ್ತದೆ ಎಂದು ನನಗೆ ಅನ್ನಿಸುತ್ತದೆ. ಹೀಲಿಯಂ ಉಳಿದದ್ದು ಅದನ್ನು ಮೊದಲು ಸಾರಿದ ಗೆರೆಯಿಂದಲ್ಲ. ಗಾಜಿನ ಕೊಳವೆಯಲ್ಲಿ ಸಿಕ್ಕಿ, ಸಾಂದ್ರತೆ ಅಳೆಸಿಕೊಂಡು, ಪರಮಾಣು ತೂಕ 4 ಎಂದು ತೋರಿಸಿದ್ದರಿಂದ. ಪರಸ್ಪರ ಸಂಬಂಧವಿಲ್ಲದ ದಾರಿಗಳು ಒಂದೇ ಕಡೆ ಸೇರಿದವು. ಕರೋನಿಯಂಗೆ ಕೊನೆಯವರೆಗೂ ಇದ್ದದ್ದು ಒಂದೇ ದಾರಿ.

ಎಡ್ಲೆನ್ ಉತ್ತರ ಹೊಸ ಪ್ರಶ್ನೆ ತಂದಿತು. 13 ಎಲೆಕ್ಟ್ರಾನು ಕಳಚಬೇಕಾದರೆ ಹತ್ತು ಲಕ್ಷ ಡಿಗ್ರಿಗೂ ಮೀರಿದ ಶಾಖ ಬೇಕು. ಕೆಳಗಿನ ಸೂರ್ಯನ ಮೇಲ್ಮೈ 5,800 ಕೆಲ್ವಿನ್ ಆಸುಪಾಸು. ಒಲೆಗಿಂತ ಒಲೆಯ ಮೇಲಿನ ಗಾಳಿ ನೂರಾರು ಪಟ್ಟು ಬಿಸಿ ಏಕೆ ಎಂಬುದು ಇನ್ನೂ ಪೂರ್ತಿ ತೀರ್ಮಾನವಾಗಿಲ್ಲ. 2023ರ ಸೆಪ್ಟೆಂಬರ್ 2ರಂದು ಹೊರಟು ಭೂಮಿಯಿಂದ 15 ಲಕ್ಷ ಕಿಲೋಮೀಟರ್ ದೂರದಲ್ಲಿ ನೆಲೆಗೊಂಡ ಆದಿತ್ಯ ಎಲ್1 ನೌಕೆಯಲ್ಲಿ, ಬೆಂಗಳೂರಿನ ಭಾರತೀಯ ಖಭೌತ ಸಂಸ್ಥೆ ಹೊಸಕೋಟೆಯಲ್ಲಿ ಕಟ್ಟಿದ ಕರೋನಾದರ್ಶಕವಿದೆ. ಒಂದು ತಟ್ಟೆ ಸೂರ್ಯಬಿಂಬವನ್ನು ಸದಾ ಮರೆಮಾಡಿ ಕೃತಕ ಗ್ರಹಣ ಉಂಟುಮಾಡುತ್ತದೆ. ಅದರ ರೋಹಿತದರ್ಶಕ ನೋಡುವ ಗೆರೆಗಳಲ್ಲಿ ಒಂದು 530.3 ನ್ಯಾನೊಮೀಟರಿನದು.